14ನೇ ಸಲಕ್ಕೆ ಗೆದ್ದ ಡ್ಯಾನ್ಸ್ ಮೇಷ್ಟ್ರು: ಮಾಕ್ಸಿಮ್ ಚ್ಮೆರ್ಕೋವ್ಸ್ಕಿ ಪ್ರಕರಣ

ಅಮೆರಿಕದ ಎಬಿಸಿ ಚಾನೆಲ್‌ನ 'ಡ್ಯಾನ್ಸಿಂಗ್ ವಿತ್ ದ ಸ್ಟಾರ್ಸ್' ಎಂಬ ಸ್ಪರ್ಧೆಯಲ್ಲಿ ಸೆಲೆಬ್ರಿಟಿಗಳು ವೃತ್ತಿಪರ ಡ್ಯಾನ್ಸರ್‌ಗಳ ಜೊತೆ ಜೋಡಿಯಾಗಿ ಕುಣಿಯುತ್ತಾರೆ. ಅದನ್ನು ನೋಡಿದವರಿಗೆ ಮಾಕ್ಸಿಮ್ ಚ್ಮೆರ್ಕೋವ್ಸ್ಕಿ ಎಂದರೆ ಶರ್ಟಿನ ಗುಂಡಿ ಬಿಚ್ಚಿಕೊಂಡು ಕುಣಿಯುವ, ಜಡ್ಜ್‌ಗಳ ಜೊತೆ ಜಗಳಕ್ಕೆ ನಿಲ್ಲುವ ಉಕ್ರೇನಿನ ಹುಡುಗ. ಹೆಸರು ಹೇಳುವುದು ಅಲ್ಲಿನವರಿಗೂ ಕಷ್ಟವೇ, ಹಾಗಾಗಿ ಎಲ್ಲರಿಗೂ ಅವನು ಮಾಕ್ಸ್. ಅವನ ಬಗ್ಗೆ ಬಂದ ಬರಹಗಳೆಲ್ಲ ಆ ಸಿಟ್ಟು, ಆ ಪ್ರೇಮಕತೆಗಳ ಸುತ್ತಲೇ ಸುತ್ತುತ್ತವೆ. ನನಗೆ ಕುತೂಹಲ ಇರುವುದು ಅವನ ಕಸುಬಿನ ಬಗ್ಗೆ. ಕುಣಿಯುವವನು ಅನ್ನುವುದಕ್ಕಿಂತ ಮೊದಲು ಈ ಮನುಷ್ಯ ಒಬ್ಬ ಮೇಷ್ಟ್ರು. ಹದಿನಾರರ ವಯಸ್ಸಿಗೆ ಹೊಟ್ಟೆಪಾಡಿಗಾಗಿ ಹಿಡಿದ ಪಾಠದ ಕೆಲಸವನ್ನೇ ಟಿವಿ ಕೊಂಡುಕೊಂಡಿತು, ಅದಕ್ಕೆ ಲೈಟು ಬಿಟ್ಟಿತು, ಅದರ ಒರಟುತನವನ್ನೂ ಸೇರಿಸಿ ಮಾರಿತು. ಅವನ ಇಡೀ ವೃತ್ತಿಯನ್ನು ಹೀಗೆ ನೋಡಿದರೆ ಮಾತ್ರ ಅರ್ಥವಾಗುತ್ತದೆ ಅಂತ ನನ್ನ ಅನಿಸಿಕೆ.

ಮಾಕ್ಸ್ ಹುಟ್ಟಿದ್ದು 1980ರ ಜನವರಿ 17ರಂದು, ಕಪ್ಪು ಸಮುದ್ರದ ದಡದ ಒಡೆಸಾದಲ್ಲಿ. ಆಗ ಅದು ಸೋವಿಯತ್ ಒಕ್ಕೂಟದ ಊರು. ಅಪ್ಪ ಅಲೆಕ್ಸಾಂಡರ್ ಯಹೂದಿ, ಅಮ್ಮ ಲರೀಸಾ. ನಾಲ್ಕರ ವಯಸ್ಸಿಗೇ ಡ್ಯಾನ್ಸ್ ಕ್ಲಾಸು. ಕಲಿತದ್ದು ಬಾಲ್‌ರೂಮ್, ಅಂದರೆ ಜೋಡಿಯಾಗಿ ಕುಣಿಯುವ ಪಾಶ್ಚಾತ್ಯ ಡ್ಯಾನ್ಸ್. ನಮಗೆ ಬಾಲ್‌ರೂಮ್ ಅಂದ ಕೂಡಲೇ ಶ್ರೀಮಂತರ ಕೂಟ ನೆನಪಾಗುತ್ತದೆ, ಅಲ್ವಾ? ಸೋವಿಯತ್ ದೇಶದಲ್ಲಿ ಹಾಗಿರಲಿಲ್ಲ. ಚೆಸ್, ಜಿಮ್ನಾಸ್ಟಿಕ್ಸ್ ಇದ್ದ ಹಾಗೆ ಅದೂ ಶಾಲೆ ಬಿಟ್ಟ ಮೇಲೆ ಮಕ್ಕಳು ಹೋಗುವ ಕ್ಲಬ್ಬು. ಖರ್ಚು ಕಡಿಮೆ, ಶಿಸ್ತು ಜಾಸ್ತಿ. ಚಿಕ್ಕಂದಿನಲ್ಲೇ ಜೋಡಿ ಕಟ್ಟುತ್ತಾರೆ, ವಯಸ್ಸಿನ ಪ್ರಕಾರ ಸ್ಪರ್ಧೆಗೆ ಇಳಿಸುತ್ತಾರೆ, ಮೇಷ್ಟ್ರು ಗದರಿಸುತ್ತಾರೆ, ತಂದೆತಾಯಿ ಗೋಡೆಗೆ ಒರಗಿ ನೋಡುತ್ತಾ ನಿಂತಿರುತ್ತಾರೆ. ಅಮೆರಿಕದ ಟಿವಿಯಲ್ಲಿ ಪೂರ್ವ ಯುರೋಪಿನ ಡ್ಯಾನ್ಸರ್‌ಗಳು ಇಷ್ಟೊಂದು ಯಾಕಿದ್ದಾರೆ ಅಂತ ಕೇಳುವವರಿಗೆ ಅರ್ಧ ಉತ್ತರ ಈ ಕ್ಲಬ್ಬುಗಳಲ್ಲೇ ಇದೆ. ಚಿಕ್ಕವನಿದ್ದಾಗ ಸ್ಕೀಯಿಂಗ್ ಮಾಡುವಾಗ ಬಿದ್ದು ಮಾಕ್ಸ್ ಕಾಲು ಕೆಟ್ಟದಾಗಿ ಮುರಿದುಕೊಂಡಿದ್ದ. ಆದರೂ ಡ್ಯಾನ್ಸ್ ಬಿಡಲಿಲ್ಲ.

ಉತ್ತರದ ಇನ್ನರ್ಧ ವಲಸೆ. 1991ರಲ್ಲಿ ಒಕ್ಕೂಟ ಒಡೆಯಿತು, ಹಣಕ್ಕೆ ಬೆಲೆ ಇಲ್ಲದಾಯಿತು. ಆ ವರ್ಷಗಳಲ್ಲಿ ಸೋವಿಯತ್ ಯಹೂದಿ ಕುಟುಂಬಗಳು ಗುಂಪುಗುಂಪಾಗಿ ನ್ಯೂಯಾರ್ಕಿಗೆ ಬಂದಿಳಿದವು. ಚ್ಮೆರ್ಕೋವ್ಸ್ಕಿ ಕುಟುಂಬ 1994ರಲ್ಲಿ ಬ್ರೂಕ್ಲಿನ್‌ಗೆ ಬಂತು. ಮಾಕ್ಸ್‌ಗೆ 14, ತಮ್ಮ ವ್ಯಾಲೆಂಟಿನ್‌ಗೆ 8. ಬ್ರೂಕ್ಲಿನ್ನಿನ ಬ್ರೈಟನ್ ಬೀಚ್‌ಗೆ ಆಗಲೇ ಪುಟ್ಟ ಒಡೆಸಾ ಅನ್ನುವ ಅಡ್ಡಹೆಸರಿತ್ತು. ಅಂಗಡಿ ಬೋರ್ಡು ರಷ್ಯನ್ನಿನಲ್ಲಿ, ಬೈಗುಳವೂ ರಷ್ಯನ್ನಿನಲ್ಲಿ. ಆದರೆ ಮಕ್ಕಳಿಗೆ ಡ್ಯಾನ್ಸ್ ಕಲಿಸುವ ಸರ್ಕಾರಿ ಕ್ಲಬ್ಬು ಮಾತ್ರ ಇರಲಿಲ್ಲ. ಅಮೆರಿಕದಲ್ಲಿ ಬಾಲ್‌ರೂಮ್ ಎಂದರೆ ದುಡ್ಡು ಕೊಟ್ಟು ಕಲಿಯುವ ವಿದ್ಯೆ.

ಈ ದುಡ್ಡಿನ ಲೆಕ್ಕ ಸ್ವಲ್ಪ ನಿಧಾನವಾಗಿ ಹೇಳಬೇಕು. ಸ್ಪರ್ಧೆಯ ಬಾಲ್‌ರೂಮಿನಲ್ಲಿ ಎರಡು ಬಗೆ. ವಾಲ್ಟ್ಸ್, ಟ್ಯಾಂಗೋ, ವಿಯೆನ್ನೀಸ್ ವಾಲ್ಟ್ಸ್, ಫಾಕ್ಸ್‌ಟ್ರಾಟ್, ಕ್ವಿಕ್‌ಸ್ಟೆಪ್ ಒಂದು ಕಡೆ. ಚಾ-ಚಾ, ಸಾಂಬಾ, ರುಂಬಾ, ಪಾಸೋ ಡೋಬ್ಲೆ, ಜೈವ್ ಎಂಬ ಲ್ಯಾಟಿನ್ ಗುಂಪು ಇನ್ನೊಂದು ಕಡೆ. ಮಾಕ್ಸ್ ಲ್ಯಾಟಿನ್‌ನವನು. ಯಾವುದೇ ಇರಲಿ, ಗೆದ್ದರೆ ಸಿಗುವ ಬಹುಮಾನದಲ್ಲಿ ಬಾಡಿಗೆ ಕಟ್ಟುವುದು ಕಷ್ಟ. ಡ್ರೆಸ್ಸು, ಶೂ, ವಿಮಾನದ ಟಿಕೆಟ್, ಪ್ರವೇಶ ಶುಲ್ಕ, ಇಂಗ್ಲೆಂಡಿನ ಬ್ಲ್ಯಾಕ್‌ಪೂಲ್ ಡ್ಯಾನ್ಸ್ ಉತ್ಸವಕ್ಕೆ ಹೋಗಿಬರುವ ಖರ್ಚು ಎಲ್ಲವೂ ಕೈಯಿಂದಲೇ. ಹಾಗಾಗಿ ಹೊಟ್ಟೆ ತುಂಬಿಸುವುದು ಪಾಠ. ಅಮೆರಿಕದಲ್ಲಿ ಅದಕ್ಕೆ ಪ್ರೊ-ಆಮ್ (ಪ್ರೊಫೆಷನಲ್-ಅಮೆಚೂರ್) ಎಂಬ ಪದ್ಧತಿಯೇ ಇದೆ. ವಕೀಲರೋ ದಂತವೈದ್ಯರೋ ಯಾರೋ ಒಬ್ಬರು ದುಡ್ಡು ಕೊಟ್ಟು ಕಲಿತು, ಆಮೇಲೆ ತನ್ನ ಮೇಷ್ಟ್ರನ್ನೇ ಜೋಡಿಯಾಗಿ ಕರೆದುಕೊಂಡು ಸ್ಪರ್ಧೆಗೆ ಇಳಿಯುತ್ತಾರೆ. ಮೇಷ್ಟ್ರ ಫೀಸು, ಪ್ರಯಾಣ, ರೂಮು ಎಲ್ಲ ಶಿಷ್ಯರದ್ದೇ. ಏನೂ ಬಾರದವರನ್ನು ಮೂರು ತಿಂಗಳಲ್ಲಿ ವೇದಿಕೆಗೆ ಒಪ್ಪುವ ಹಾಗೆ ಮಾಡುವುದು, ಅವರು ತಪ್ಪಿದಾಗ ಗೊತ್ತಾಗದ ಹಾಗೆ ಮುಚ್ಚುವುದು, ಅವರಿಗೆ ಚೆನ್ನಾಗಿ ಬರುವ ಎರಡು ಹೆಜ್ಜೆಗಳನ್ನು ಜಡ್ಜ್ ಎದುರಿಗೇ ಬರುವಂತೆ ಜೋಡಿಸುವುದು ಇಲ್ಲಿ ದೊಡ್ಡ ವಿದ್ಯೆ. ಈ ವಿವರಣೆಯನ್ನೇ ಸೆಲೆಬ್ರಿಟಿಗಳಿಗೆ ಹೊಂದಿಸಿ ನೋಡಿ. ಟಿವಿ ಶೋ ತಯಾರು!

ಮಾಕ್ಸ್ ಮೊದಲು ಹಿಡಿದಿದ್ದು ಇನ್ನೂ ಕಷ್ಟದ ಕೆಲಸ. 16ರ ಸುಮಾರಿಗೆ ಅಪ್ಪನ ಜೊತೆ ಸೇರಿ ನ್ಯೂಜೆರ್ಸಿಯ ಸ್ಯಾಡಲ್ ಬ್ರೂಕ್‌ನಲ್ಲಿ 'ರೈಸಿಂಗ್ ಸ್ಟಾರ್ಸ್' ಅನ್ನುವ ಮಕ್ಕಳ ಅಕಾಡೆಮಿ ಶುರು ಮಾಡಿದ. ಅಪ್ಪ ವ್ಯವಹಾರ ನೋಡಿಕೊಂಡರು, ಮಗ ಪಾಠ ಮಾಡಿದ. ಮೊದಲ ಶಿಷ್ಯರಲ್ಲಿ ತಮ್ಮ ವ್ಯಾಲೂ ಒಬ್ಬ. ಅದೇ ವ್ಯಾಲ್ ಮುಂದೆ ಕಿರಿಯರ ವಿಭಾಗದಲ್ಲಿ ವಿಶ್ವ ಚಾಂಪಿಯನ್ ಆದ. ಹತ್ತನೇ ಕ್ಲಾಸು ದಾಟಿದ ವಯಸ್ಸಿನ ಹುಡುಗನೊಬ್ಬ, ಇನ್ನೂ ಭಾಷೆಯೇ ಸರಿಯಾಗಿ ಬಾರದ ದೇಶದಲ್ಲಿ, ಒಡೆಸಾದ ಆ ಗದರಿಸುವ ಶಾಲೆಯನ್ನೇ ಒಂದು ಬಾಡಿಗೆ ಹಾಲಿನಲ್ಲಿ ಮತ್ತೆ ಕಟ್ಟುತ್ತಿದ್ದ ಅನ್ನುವುದನ್ನು ನೆನಪಿಟ್ಟುಕೊಳ್ಳಿ. ಮುಂದೆ ಟಿವಿಯಲ್ಲಿ ಕಂಡ ಮಾಕ್ಸ್ ತಯಾರಾಗಿದ್ದು ಅಲ್ಲೇ.

ಬಿಬಿಸಿ 2004ರಲ್ಲಿ ತನ್ನ ಹಳೆಯ ಡ್ಯಾನ್ಸ್ ಕಾರ್ಯಕ್ರಮಕ್ಕೆ ಹೊಸ ವೇಷ ಹಾಕಿ 'ಸ್ಟ್ರಿಕ್ಟ್‌ಲಿ ಕಮ್ ಡ್ಯಾನ್ಸಿಂಗ್' ಶುರು ಮಾಡಿತು. 2005ರ ಜೂನ್‌ನಲ್ಲಿ ಎಬಿಸಿ ಅದರ ಅಮೆರಿಕನ್ ರೂಪ ತಂದಿತು. 2006ರಲ್ಲಿ ಹಿಂದಿಗೆ ಬಂದ 'ಝಲಕ್ ದಿಖ್ಲಾ ಜಾ' ಕೂಡ ಇದೇ ಬಳ್ಳಿಯದ್ದು. ಎಬಿಸಿಯ ಮೊದಲ ಸೀಸನ್‌ನಲ್ಲಿ ಇದ್ದದ್ದು ಆರೇ ಜೋಡಿ. ಆದರೆ ಪ್ರೊಗಳ, ಅಂದರೆ ವೃತ್ತಿಪರ ಡ್ಯಾನ್ಸರ್‌ಗಳ ಪಟ್ಟಿ ನೋಡಿದರೆ ಬೆಲಾರೂಸ್ ಮೂಲದ ಅಲೆಕ್ ಮೇಜೊ, ಪೋಲೆಂಡಿನ ಎಡಿಟಾ ಸ್ಲಿವಿನ್ಸ್ಕಾ, ನೆದರ್ಲೆಂಡ್ಸ್‌ನ ಲೂಯಿ ವ್ಯಾನ್ ಆಮ್ಸ್ಟೆಲ್. ಗೆದ್ದದ್ದೂ ಮೇಜೊ ಜೋಡಿಯೇ. ಎರಡನೇ ಸೀಸನ್‌ಗೆ, 2006ರ ಜನವರಿಯಲ್ಲಿ, ಮಾಕ್ಸ್ ಬಂದ. ಕೊಸೊವೊ ಮೂಲದ ಟೋನಿ ಡೊವೊಲಾನಿಯೂ ಅದೇ ಸೀಸನ್ನಿನವನು.

ಪ್ರೊ ಅನ್ನಿಸಿಕೊಂಡವರ ಕೆಲಸ ಏನು ಅಂತ ಬಹಳ ಜನಕ್ಕೆ ಅಂದಾಜಿಲ್ಲ. ವಾರಕ್ಕೊಂದು ಹೊಸ ಡ್ಯಾನ್ಸ್ ಕಟ್ಟಬೇಕು, ಬಾರದವರಿಗೆ ಕಲಿಸಬೇಕು, ಲೈವ್‌ನಲ್ಲಿ ಅವರನ್ನು ಹೊತ್ತು ಮುಂದೆ ಒಯ್ಯಬೇಕು, ಮರುದಿನ ಅವರ ಮನಸ್ಸು ಸರಿಮಾಡಿ ಮತ್ತೆ ಮೊದಲಿನಿಂದ ಶುರು ಮಾಡಬೇಕು. ಬಾಲ್‌ರೂಮ್, ಲ್ಯಾಟಿನ್ ಡ್ಯಾನ್ಸುಗಳಲ್ಲಿ ಜೋಡಿಯನ್ನು ಎತ್ತಿ ಲಿಫ್ಟ್ ಮಾಡುವ ಹಾಗಿಲ್ಲ, ಮಾಡಿದರೆ ಅಂಕ ಕಟ್. ಫೈನಲ್ಲಿನ ಫ್ರೀಸ್ಟೈಲ್‌ನಲ್ಲಿ ವಿನಾಯಿತಿ ಇದೆ. ಜಡ್ಜ್‌ಗಳು ತಲಾ 10ರಲ್ಲಿ ಅಂಕ ಕೊಡುತ್ತಾರೆ, ಅದಕ್ಕೆ ನೋಡುಗರ ವೋಟು ಸೇರುತ್ತದೆ. ವೋಟು ಬೀಳುವುದು ಬಹುಪಾಲು ಸೆಲೆಬ್ರಿಟಿಯ ಮುಖಕ್ಕೆ. ಅಂದರೆ ಮೇಷ್ಟ್ರು ಎಷ್ಟು ಚೆನ್ನಾಗಿ ಕಲಿಸಿದರೂ ಫಲಿತಾಂಶದ ದೊಡ್ಡ ಪಾಲು ಅವರ ಕೈಯಲ್ಲಿಲ್ಲ.

ಮಾಕ್ಸ್ ಪಾಲಿಗೆ ಇದು ಬಹಳ ಸಲ ಕಹಿಯಾಯಿತು. ಮೊದಲ ಜೋಡಿ ನಟಿ ಟಿಯಾ ಕರೇರಿ, ಆರನೇ ಸ್ಥಾನ. 2007ರಲ್ಲಿ ಮಹಮ್ಮದ್ ಅಲಿಯ ಮಗಳು, ಸ್ವತಃ ಬಾಕ್ಸರ್ ಆದ ಲೈಲಾ ಅಲಿ ಜೊತೆ ಮೂರನೇ ಸ್ಥಾನ. ಅದೇ ವರ್ಷದ ಕೊನೆಗೆ ಬ್ರಿಟನ್ನಿನ ಸ್ಪೈಸ್ ಗರ್ಲ್ಸ್ ಗಾಯಕಿಯರ ತಂಡದ ಮೆಲ್ ಬಿ ಜೊತೆ ಎರಡನೇ ಸ್ಥಾನ, ಗೆದ್ದದ್ದು ಕಾರ್ ರೇಸರ್ ಹೀಲಿಯೊ ಕ್ಯಾಸ್ಟ್ರೊನೆವೆಸ್. 2008ರಲ್ಲಿ ಬೀಚ್ ವಾಲಿಬಾಲ್ ಒಲಿಂಪಿಕ್ ಚಾಂಪಿಯನ್ ಮಿಸ್ಟಿ ಮೇ-ಟ್ರೀನರ್ ಸಿಕ್ಕರು. ರಿಹರ್ಸಲ್‌ನಲ್ಲೇ ಅವರ ಹಿಮ್ಮಡಿಯ ಅಕಿಲೀಸ್ ಸ್ನಾಯುರಜ್ಜು ಹರಿದು ಹೋಯಿತು, ಆಟ ಮುಗಿಯಿತು. 2010ರಲ್ಲಿ ಟಿವಿಯ ಕ್ರೀಡಾ ವರದಿಗಾರ್ತಿ ಎರಿನ್ ಆಂಡ್ರೂಸ್ ಜೊತೆ ಮೂರನೇ ಸ್ಥಾನ. ಅದೇ ವರ್ಷ ಗಾಯಕಿ ಬ್ರ್ಯಾಂಡಿ ಜೊತೆ ಸೆಮಿಫೈನಲ್‌ನಲ್ಲಿ ಔಟ್. ಅಂಕದಲ್ಲಿ ಬಹಳ ಹಿಂದಿದ್ದ ಬ್ರಿಸ್ಟಲ್ ಪೇಲಿನ್, ಅಂದರೆ ರಾಜಕಾರಣಿ ಸಾರಾ ಪೇಲಿನ್ ಮಗಳು, ವೋಟಿನ ಬಲದಿಂದ ಫೈನಲ್‌ಗೆ ಹೋದರು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಅನ್ನುತ್ತೇವಲ್ಲ, ಇವನಿಗೆ ಅದು ಸೀಸನ್‌ಗೊಮ್ಮೆ ಆಗುತ್ತಿತ್ತು.

ಇವನ ಮೇಷ್ಟ್ರುತನ ನೋಡಬೇಕಾದರೆ ಗೆದ್ದ ಸೀಸನ್‌ಗಿಂತ 2011ರ 12ನೇ ಸೀಸನ್ ನೋಡಿ ಅಂತ ನಾನು ಹೇಳುತ್ತೇನೆ. ಜೋಡಿ ನಟಿ ಕರ್ಸ್ಟಿ ಆಲಿ. ವಯಸ್ಸು 60. ಮೈತೂಕದ ಬಗ್ಗೆ ಪತ್ರಿಕೆಗಳು ವರ್ಷಗಟ್ಟಲೆ ಆಡಿಕೊಂಡಿದ್ದ ಹೆಂಗಸು. ಒಂದು ವಾರ ರುಂಬಾ. ನಿಧಾನದ ಡ್ಯಾನ್ಸು, ತಪ್ಪನ್ನು ಮುಚ್ಚಿಡಲು ವೇಗದ ಆಸರೆ ಇಲ್ಲ. ಮಧ್ಯದಲ್ಲಿ ಮಾಕ್ಸ್‌ನ ತೊಡೆ ಇದ್ದಕ್ಕಿದ್ದಂತೆ ಕೈಕೊಟ್ಟಿತು, ಅವನು ಕುಸಿದ, ಅವರೂ ಅವನ ಮೇಲೆ ಬಿದ್ದರು. ಲೈವ್ ಶೋ. ಬಿದ್ದದ್ದು ಶಿಷ್ಯೆಯಲ್ಲ, ಮೇಷ್ಟ್ರು. ಆದರೆ ನೋಡುವ ಕಣ್ಣಿಗೆ ತಪ್ಪು ಯಾರದ್ದು ಅನಿಸುತ್ತದೆ ಹೇಳಿ? ಇಬ್ಬರೂ ಎದ್ದರು, ತಾಳ ಹಿಡಿದರು, ಮುಗಿಸಿದರು. ಆಮೇಲೆ ಅವನು ತಪ್ಪು ತನ್ನದೇ ಅಂತ ಎಲ್ಲರೆದುರು ಒಪ್ಪಿಕೊಂಡ. ಮತ್ತೊಂದು ವಾರ ಕುಣಿಯುತ್ತಿರುವಾಗಲೇ ಆಲಿಯ ಶೂ ಕಳಚಿತು. ಮಾಕ್ಸ್ ಮಂಡಿಯೂರಿ ಅದನ್ನು ಅವರ ಕಾಲಿಗೆ ಹಾಕಿದ, ಇಬ್ಬರೂ ಮತ್ತೆ ಸಂಗೀತದೊಳಕ್ಕೆ ಸೇರಿಕೊಂಡರು. ಇಂಥದ್ದನ್ನು ಕೊರಿಯೋಗ್ರಫಿ ಕಲಿಸುವುದಿಲ್ಲ. ಪ್ರೊ-ಆಮ್ ಸ್ಪರ್ಧೆಗಳಲ್ಲಿ ಹೆದರಿದ ಶಿಷ್ಯರನ್ನು ಹಿಡಿದು ನಿಲ್ಲಿಸುವ ರೂಢಿಯಿಂದ ಬರುವ ಸಮಯಪ್ರಜ್ಞೆ ಅದು. ಆ ಸೀಸನ್‌ನಲ್ಲಿ ಅವರು ಎರಡನೇ ಸ್ಥಾನಕ್ಕೆ ಬಂದರು, ಫುಟ್‌ಬಾಲ್ (ಅಮೆರಿಕನ್ ಬಗೆಯದು) ಆಟಗಾರ ಹೈನ್ಸ್ ವಾರ್ಡ್ ಗೆದ್ದ.

ಮುಂದಿನ ಸೀಸನ್ನೇ ಉಲ್ಟಾ. ಫುಟ್‌ಬಾಲ್ ಗೋಲ್‌ಕೀಪರ್ ಹೋಪ್ ಸೋಲೊ ಜೋಡಿ. ಒಂದು ರಾತ್ರಿ ಮುಖ್ಯ ಜಡ್ಜ್ ಲೆನ್ ಗುಡ್‌ಮನ್ ಅವರ ಡ್ಯಾನ್ಸ್ ಬಗ್ಗೆ ಕಟುವಾಗಿ ಹೇಳಿದರು. ಮಾಕ್ಸ್ ಲೈವ್‌ನಲ್ಲೇ ತಿರುಗಿಬಿದ್ದ. ಗುಡ್‌ಮನ್ ತಮಗೆ ಸುಮಾರು 50 ವರ್ಷದ ಅನುಭವ ಇದೆ ಅಂದರೆ, ಹಾಗಾದರೆ ಹೊರಡುವ ಹೊತ್ತಾಗಿರಬಹುದು ಅನ್ನುವ ಧಾಟಿಯ ಉತ್ತರ. ಆಮೇಲೆ ಇದು ನನ್ನ ಶೋ, ಇದನ್ನು ಈ ಮಟ್ಟಕ್ಕೆ ತಂದವರಲ್ಲಿ ನಾನೂ ಒಬ್ಬ ಅನ್ನುವ ಮಾತು.

ಜನ ದುರಹಂಕಾರ ಅಂದರು. ದುರಹಂಕಾರವೇ. ಗುಡ್‌ಮನ್ ಸುಮ್ನೆ ಬಾಯಿಗೆ ಬಂದಂತೆ ಆಡುವವರಾಗಿರಲಿಲ್ಲ, ಬಾಲ್‌ರೂಮ್ ಬಲ್ಲವರಾಗಿದ್ದರು. ಅವರ ಜೊತೆ ಆ ಭಾಷೆ ಬೇಕಿರಲಿಲ್ಲ. ಆದರೆ ಆ ಎರಡನೇ ಮಾತನ್ನು ಬಿಡಿಸಿ ನೋಡಿ. ಸೆಲೆಬ್ರಿಟಿಗಳು ಒಂದು ಸೀಸನ್ನಿಗೆ ಬಂದು ಹೋಗುತ್ತಾರೆ. ಸೀಸನ್ ಆದ ಮೇಲೆ ಸೀಸನ್ ಕಾಲು ಸವೆಸುವುದು ಮಾಕ್ಸ್, ಟೋನಿ, ಖಾರ್ಕಿವ್‌ನಿಂದ ಬಂದ ಕರೀನಾ ಸ್ಮಿರ್ನಾಫ್ ಥರದವರು. ಶೀರ್ಷಿಕೆಯಲ್ಲಿರುವ ಸ್ಟಾರ್ ಅವರಲ್ಲ, ಮುಂದಿನ ಸೀಸನ್‌ಗೆ ಕರೆ ಬರುತ್ತದೋ ಇಲ್ಲವೋ ಅನ್ನುವ ಖಾತ್ರಿಯೂ ಇಲ್ಲ. ಆ ಕೋಪದಲ್ಲಿ ಕೂಲಿಯವನ ನ್ಯಾಯ ಒಂದಿಷ್ಟು ಇತ್ತು ಅಂತ ನನಗೆ ಅನಿಸುತ್ತದೆ. ಅದನ್ನು ಹೇಳಿದ ರೀತಿ ಮಾತ್ರ ಕೆಟ್ಟದು.

ಇನ್ನೊಂದನ್ನು ಬಿಟ್ಟು ಮುಂದೆ ಹೋಗುವ ಹಾಗಿಲ್ಲ. ಮರುವರ್ಷ ಬಂದ ತಮ್ಮ ಆತ್ಮಕಥೆಯಲ್ಲಿ ಸೋಲೊ, ರಿಹರ್ಸಲ್‌ನಲ್ಲಿ ಮಾಕ್ಸ್ ಒರಟಾಗಿ ನಡೆದುಕೊಂಡ, ಕೆನ್ನೆಗೆ ಹೊಡೆದ ಅಂತ ಆರೋಪಿಸಿದರು. ಅವನು ಅಲ್ಲಗಳೆದ. ಯಾರು ನಿಜ ಅಂತ ಹೊರಗಿನವರು ತೀರ್ಪು ಕೊಡಲು ಆಗದು. ಆದರೆ ಒಡೆಸಾದ ಶಾಲೆ ಹಾಗೇ, ಶಿಸ್ತು ಹಾಗೇ ಅಂತ ಅವನ ಒರಟುತನವನ್ನೆಲ್ಲ ಸಂಸ್ಕೃತಿಯ ಲೆಕ್ಕಕ್ಕೆ ಬರೆದುಬಿಡುವುದನ್ನು ನಾನು ಒಪ್ಪುವುದಿಲ್ಲ. ಅದೇ ಶಾಲೆಯಿಂದ ಬಂದ ತಮ್ಮ ವ್ಯಾಲ್ ಅದೇ 13ನೇ ಸೀಸನ್‌ನಲ್ಲಿ ಶೋಗೆ ಸೇರಿದ. ಕಲಿಸುವುದರಲ್ಲಿ ಅವನೂ ಕಟ್ಟುನಿಟ್ಟು, ಆದರೆ ಪುಂಡ ಅನ್ನುವ ಪಟ್ಟ ಅವನಿಗೆ ಅಂಟಲಿಲ್ಲ. ಮಾಕ್ಸ್‌ಗೆ ಅದನ್ನು ಚಾನೆಲ್ ಅಂಟಿಸಿತು ಅನ್ನುವುದು ನಿಜ, ರಿಹರ್ಸಲ್ ವಿಡಿಯೊಗಳಲ್ಲಿ ಜಗಳದ ತುಣುಕನ್ನೇ ಹುಡುಕಿ ತೋರಿಸಿದರು ಅನ್ನುವುದೂ ನಿಜ. ಅವನೂ ಆ ಪಟ್ಟವನ್ನು ಕಿತ್ತೆಸೆಯಲಿಲ್ಲ. ಅದರಿಂದ ಅವನಿಗೆ ಕೆಲಸ ಸಿಗುತ್ತಿತ್ತಲ್ಲ. 2011ರಲ್ಲಿ ಉಕ್ರೇನಿನ ಎಸ್‌ಟಿಬಿ ಚಾನೆಲ್ ಒಬ್ಬ ಗಂಡಿಗಾಗಿ ಹಲವು ಹುಡುಗಿಯರು ಸ್ಪರ್ಧಿಸುವ 'ದ ಬ್ಯಾಚುಲರ್' ಶೋವಿನ ತನ್ನ ಮೊದಲ ಸೀಸನ್‌ಗೆ ವರನನ್ನಾಗಿ ಆರಿಸಿದ್ದು ಇವನನ್ನೇ. 14ರ ವಯಸ್ಸಿಗೆ ಬಿಟ್ಟು ಬಂದ ದೇಶ ಅವನನ್ನು ಅಮೆರಿಕದ ಸ್ಟಾರ್ ಅಂತ ವಾಪಸ್ ಕರೆಯಿತು. ಬ್ರಾಡ್‌ವೇ ಎಂಬ ನ್ಯೂಯಾರ್ಕಿನ ರಂಗಮಂದಿರಗಳಲ್ಲಿ 2009ರಲ್ಲಿ 'ಬರ್ನ್ ದ ಫ್ಲೋರ್', 2013ರಲ್ಲಿ 'ಫಾರೆವರ್ ಟ್ಯಾಂಗೊ', ಎರಡರಲ್ಲೂ ಕರೀನಾ ಜೊತೆ.

2012ರ ಕೊನೆಗೆ ಹಳೆಯ ಸ್ಪರ್ಧಿಗಳ ಆಲ್-ಸ್ಟಾರ್ಸ್ ಸೀಸನ್. ಮಾಕ್ಸ್ ಮತ್ತೆ ಕರ್ಸ್ಟಿ ಆಲಿ ಜೊತೆ ಇಳಿದು ಮಧ್ಯದಲ್ಲೇ ಹೊರಬಿದ್ದ. ಜೊತೆಯಲ್ಲೇ ಶೋಗೆ ಸೇರಿ ಅಲ್ಲಿಯವರೆಗೆ ಒಂದೂ ಗೆಲ್ಲದಿದ್ದ ಟೋನಿ ಆ ಸೀಸನ್ ಗೆದ್ದ. ಅಲ್ಲಿಗೆ ಮಾಕ್ಸ್ ಶೋ ಬಿಟ್ಟ. ಎರಡು ಸೀಸನ್ ಆಚೆ ಉಳಿದ.

ವಾಪಸ್ ಬಂದಿದ್ದು 2014ರ ಮಾರ್ಚ್‌ನಲ್ಲಿ, 18ನೇ ಸೀಸನ್‌ಗೆ. ಜೋಡಿ ಮೆರಿಲ್ ಡೇವಿಸ್. ಅದಕ್ಕೆ ಒಂದೇ ತಿಂಗಳ ಹಿಂದೆ ಸೋಚಿ ಒಲಿಂಪಿಕ್ಸ್‌ನಲ್ಲಿ ಚಾರ್ಲಿ ವೈಟ್ ಜೊತೆ ಐಸ್ ಡ್ಯಾನ್ಸ್ ಚಿನ್ನ ಗೆದ್ದವರು, ಆ ವಿಭಾಗದಲ್ಲಿ ಅಮೆರಿಕಕ್ಕೆ ಅದೇ ಮೊದಲ ಚಿನ್ನ. ತಮಾಷೆ ಅಂದರೆ ಚಾರ್ಲಿ ವೈಟ್ ಕೂಡ ಅದೇ ಸೀಸನ್‌ನಲ್ಲಿ ಎದುರಾಳಿ. ಮೆರಿಲ್ ಡ್ಯಾನ್ಸರ್ರೇ ಅಲ್ವಾ, ಇದೆಂಥ ಸ್ಪರ್ಧೆ ಅಂತ ಗೊಣಗಿದವರಿದ್ದಾರೆ. ಗೊಣಗಾಟದಲ್ಲಿ ಹುರುಳಿದೆ, ತಾಳ, ಭಂಗಿ, ವೇದಿಕೆಯ ಧೈರ್ಯ ಎಲ್ಲ ಅವರಿಗೆ ಮೊದಲೇ ಇತ್ತು. ಆದರೆ ಐಸ್ ಮೇಲೆ ಮಂಡಿ ಯಾವಾಗಲೂ ಮಡಚಿರುತ್ತದೆ, ದೇಹ ಜಾರುತ್ತಾ ಹೋಗುತ್ತದೆ. ಲ್ಯಾಟಿನ್‌ನಲ್ಲಿ ಭಾರ ಬಿದ್ದ ಕಾಲು ನೇರವಾಗಬೇಕು, ಸೊಂಟದ ಚಲನೆ ಹುಟ್ಟುವುದೇ ಅಲ್ಲಿ. ದೇಹಕ್ಕೆ ಅಂಟಿದ ಅಭ್ಯಾಸ ಬಿಡಿಸುವುದು ಹೊಸದಾಗಿ ಕಲಿಸುವುದಕ್ಕಿಂತ ಕಷ್ಟ ಅಂತ ಯಾವ ಸಂಗೀತದ ಮೇಷ್ಟ್ರನ್ನು ಕೇಳಿದರೂ ಹೇಳುತ್ತಾರೆ. ಇನ್ನೊಂದು ತೊಡಕೂ ಇತ್ತು. ಮೆರಿಲ್ 1997ರಿಂದ, ಅಂದರೆ ಹತ್ತು ವರ್ಷದ ಹುಡುಗಿಯಾಗಿದ್ದಾಗಿನಿಂದ, ಕುಣಿದಿದ್ದೆಲ್ಲ ಒಬ್ಬನೇ ಜೊತೆಗಾರನ ಜೊತೆ. ಬೇರೆ ಕೈ ಹಿಡಿದು ನಂಬುವುದನ್ನು ಅವರು ಮೊದಲ ಸಲ ಕಲಿಯಬೇಕಿತ್ತು. ಆ ಸೀಸನ್‌ನ ಮಾಕ್ಸ್ ಹಳೆಯ ಮಾಕ್ಸ್ ಅಲ್ಲ. ಕಡಿಮೆ ಮಾತು, ಕಡಿಮೆ ಜಗಳ, ಎದುರಿಗಿರುವ ಶಿಷ್ಯೆ ತನಗಿಂತ ಜಾಸ್ತಿ ಕಷ್ಟಪಟ್ಟು ಬೆಳೆದವಳು ಅನ್ನುವ ಗೌರವ ಎದ್ದು ಕಾಣುತ್ತಿತ್ತು. ಮೇ 20ರಂದು ಗೆದ್ದರು. ಮಾಕ್ಸ್‌ಗೆ ಅದು 14ನೇ ಸೀಸನ್.

ಆಮೇಲಿನ ಟಿವಿ ಲೆಕ್ಕ ಚಿಕ್ಕದು. 2016ರಲ್ಲಿ ಮಾಡೆಲ್ ಆಂಬರ್ ರೋಸ್ ಜೊತೆ, 2017ರಲ್ಲಿ ನಟಿ ಹೆದರ್ ಮಾರಿಸ್ ಮತ್ತು ಟಿವಿ ನಿರೂಪಕಿ ವನೆಸ್ಸಾ ಲಾಶೆ ಜೊತೆ. ಹೆದರ್ ಜೊತೆಗಿದ್ದಾಗ ಮೀನಖಂಡಕ್ಕೆ ಪೆಟ್ಟಾಗಿ ಕೆಲವು ವಾರ ಹೊರಗುಳಿದ. ವಾಪಸ್ ಬಂದ ರಾತ್ರಿ ಜೋಡಿಗೆ 40ಕ್ಕೆ 40 ಅಂಕ, ಆ ಸೀಸನ್ನಿನ ಮೊದಲ ಪೂರ್ತಿ ಅಂಕ. ಅದೇ ರಾತ್ರಿ ವೋಟಿನಲ್ಲಿ ಎಲಿಮಿನೇಟ್! ಶೋ ಹೇಗೆ ನಡೆಯುತ್ತದೆ ಅಂತ ತಿಳಿಯಬೇಕಾದವರಿಗೆ ಆ ಒಂದು ಎಪಿಸೋಡ್ ಸಾಕು.

ಅಷ್ಟರಲ್ಲಿ ಅವನಿಗೆ ಟ್ರೋಫಿಯ ಹಂಗು ಇರಲಿಲ್ಲ. ಅಣ್ಣತಮ್ಮಂದಿರ 'ಡ್ಯಾನ್ಸ್ ವಿತ್ ಮಿ' ಸ್ಟುಡಿಯೊಗಳು ನ್ಯೂಯಾರ್ಕ್, ನ್ಯೂಜೆರ್ಸಿ ಕಡೆ ಬೇರೂರಿ ಆಚೆಗೂ ಹರಡುತ್ತಿದ್ದವು. ಅಲ್ಲಿಗೆ ಬರುವುದು ಚಾಂಪಿಯನ್ ಆಗಬೇಕೆನ್ನುವ ಮಕ್ಕಳಲ್ಲ, ಮದುವೆಯಲ್ಲಿ ಒಂದು ಹಾಡಿಗೆ ಕುಣಿಯಬೇಕೆನ್ನುವವರು, ಡಿವೋರ್ಸ್ ಆದ ಮೇಲೆ ಮನಸ್ಸಿಗೆ ಏನಾದರೂ ಬೇಕೆನ್ನುವವರು, ಟಿವಿ ನೋಡಿ ಆಸೆಪಟ್ಟವರು. ಟಿವಿಯ ಹೆಸರು ಬಾಗಿಲಿಗೆ ಜನರನ್ನು ತರುತ್ತದೆ, ದುಡ್ಡು ಹುಟ್ಟುವುದು ಬಾಗಿಲ ಒಳಗೆ. ಮಾಕ್ಸ್‌ನ ವೃತ್ತಿಯಲ್ಲಿ ನಿಜವಾದ ಜಾಣತನ ಇದು. ವಯಸ್ಸಾದಂತೆ ಸವೆಯುವ ಕಾಲನ್ನು ನಂಬದೆ, ಸವೆಯದ ವಿದ್ಯೆಯ ಮೇಲೆ ಮನೆ ಕಟ್ಟಿದ. ಅಣ್ಣನಿಗೆ ಒಂದೇ ಟ್ರೋಫಿ ಸಿಕ್ಕಿದರೆ ಶಿಷ್ಯ ವ್ಯಾಲ್‌ಗೆ ಮೂರು ಸಿಕ್ಕವು, 2015, 2016 ಮತ್ತು 2023ರಲ್ಲಿ. ನ್ಯೂಜಿಲೆಂಡಿನಲ್ಲಿ ಹುಟ್ಟಿ ಆಸ್ಟ್ರೇಲಿಯಾದಲ್ಲಿ ಬೆಳೆದ ಪೀಟಾ ಮರ್ಗಟ್ರಾಯ್ಡ್, 2017ರಲ್ಲಿ ಮಾಕ್ಸ್‌ನ ಕೈ ಹಿಡಿದವರು, ಅವರಿಗೂ ಎರಡು ಟ್ರೋಫಿ. ಈ ಮೂವರಲ್ಲಿ ಲೆಕ್ಕ ಹಾಕಿದರೆ ಇವನೇ ಕೊನೆ.

2022ರ ಫೆಬ್ರವರಿ 24ರಂದು ರಷ್ಯಾ ದಾಳಿ ಶುರು ಮಾಡಿದಾಗ ಮಾಕ್ಸ್ ಕೀವ್‌ನಲ್ಲಿದ್ದ. ಅಲ್ಲಿನ 'ವರ್ಲ್ಡ್ ಆಫ್ ಡ್ಯಾನ್ಸ್' ಶೋಗೆ ಜಡ್ಜ್ ಆಗಿ ಹೋಗಿದ್ದ. ಸೈರನ್ನುಗಳ ನಡುವೆ ಇನ್‌ಸ್ಟಾಗ್ರಾಮ್‌ನಲ್ಲಿ ವಿಡಿಯೊ ಹಾಕುತ್ತಿದ್ದ, ಮುಖದಲ್ಲಿ ನಿದ್ದೆಯಿಲ್ಲ, ಮಾತಿನಲ್ಲಿ ಹಳೆಯ ಠೇಂಕಾರ ಇಲ್ಲ. ಕಿಕ್ಕಿರಿದ ರೈಲಿನಲ್ಲಿ ಪೋಲೆಂಡಿಗೆ ಹೋಗಿ, ಮಾರ್ಚ್ 2ರಂದು ಲಾಸ್ ಏಂಜಲೀಸ್ ಸೇರಿದ. ಅದಕ್ಕೆ ಒಂದು ದಿನ ಮುಂಚೆ ಖಾರ್ಕಿವ್‌ನಲ್ಲಿ ನಮ್ಮ ಹಾವೇರಿ ಜಿಲ್ಲೆಯ ವೈದ್ಯಕೀಯ ವಿದ್ಯಾರ್ಥಿಯೊಬ್ಬ ಶೆಲ್ ದಾಳಿಗೆ ಬಲಿಯಾಗಿದ್ದ. ಆ ವಾರ ಇಲ್ಲಿ ಕನ್ನಡ ಚಾನೆಲ್‌ಗಳಲ್ಲೂ ಉಕ್ರೇನಿನ ರೈಲ್ವೆ ಸ್ಟೇಷನ್‌ಗಳೇ. 18ರಿಂದ 60 ವಯಸ್ಸಿನ ಉಕ್ರೇನಿನ ಗಂಡಸರು ದೇಶ ಬಿಡುವ ಹಾಗಿರಲಿಲ್ಲ. ಮಾಕ್ಸ್ ಅಮೆರಿಕದ ಪ್ರಜೆ, ಹಾಗಾಗಿ ಗಡಿ ದಾಟಿದ. ಬಿಟ್ಟು ಬಂದೆ ಅನ್ನುವ ಸಂಕಟವನ್ನು ಅವನು ಮುಚ್ಚಿಡಲಿಲ್ಲ. ಎರಡು ವಾರದೊಳಗೆ ಪೋಲೆಂಡಿಗೆ ವಾಪಸ್ ಹೋಗಿ ಪರಿಹಾರದ ಕೆಲಸಕ್ಕೆ ನಿಂತ. ಕುಟುಂಬ ಶುರು ಮಾಡಿದ ಆ ಸಂಸ್ಥೆಯ ಹೆಸರು 'ಬರಾನೊವಾ 27', ಒಡೆಸಾದಲ್ಲಿ ಅವರಿದ್ದ ಮನೆಯ ವಿಳಾಸ.

2024ರಲ್ಲಿ ಫಾಕ್ಸ್ ಚಾನೆಲ್ಲಿನ 'ಸೋ ಯು ಥಿಂಕ್ ಯು ಕ್ಯಾನ್ ಡ್ಯಾನ್ಸ್' 18ನೇ ಸೀಸನ್‌ನ ಜಡ್ಜ್‌ಗಳ ಸಾಲಿನಲ್ಲಿ ಮಾಕ್ಸ್ ಕೂತ. ಜಡ್ಜ್‌ಗಳ ಜೊತೆ ಜಗಳವಾಡಿ ಹೆಸರಾದವನು ಆ ಕುರ್ಚಿಯಲ್ಲಿ ಕೂತದ್ದನ್ನು ನೋಡಿ ನಕ್ಕವರು ಇದ್ದಾರೆ. ನನಗೆ ಅದು ಸರಿಯಾದ ಜಾಗ ಅನಿಸಿತು. ವ್ಯಾಲ್ ಮಾತ್ರ 2025ರ ಸೀಸನ್‌ನಲ್ಲೂ ನೆಲದ ಮೇಲೇ ಇದ್ದ, ಸೋಶಿಯಲ್ ಮೀಡಿಯಾ ತಾರೆ ಅಲಿಕ್ಸ್ ಅರ್ಲ್ ಜೊತೆ ಎರಡನೇ ಸ್ಥಾನಕ್ಕೆ ಬಂದ.